ಆರು ತಿಂಗಳಿಗೊಮ್ಮೆ ತೀರಿಸಿದ ಹಗೆ

ಪುಟ್ಟಸಿದ್ದಮ್ಮ ತೀರಿಕೊಂಡ ಮೇಲೆ ಗುಂಡ್ಲುಪೇಟೆಯಲ್ಲಿ ಅವಳನ್ನು ಹೊಗಳದವರೇ ಇಲ್ಲ. ಕರುಣಾಮಯಿಯಂತೆ, ಯಾರ ಮೇಲೂ ಕೋಪ ಇಟ್ಟುಕೊಂಡವಳಲ್ಲವಂತೆ. ಸತ್ತ ಎಮ್ಮೆಗೆ ಹಾಲು ಜಾಸ್ತಿ. ಒಂದೇ ಆಸ್ಪತ್ರೆಯಲ್ಲಿ ನಾನು ಅವಳ ಜೊತೆ ಹದಿನಾರು ವರ್ಷ ಕೆಲಸ ಮಾಡಿದ್ದೇನೆ. ನಾನು ಕಾಂಪೌಂಡರ್, ಅವಳು ಹೆಂಗಸರ ವಾರ್ಡಿನ ಆಯಾ. ಅವಳಿಗೆ ಕೋಪವಿರಲಿಲ್ಲ ಎನ್ನುವವರು ಅವಳನ್ನು ಕಂಡೇ ಇಲ್ಲ. ಅವಳ ಹೊಟ್ಟೆಯಲ್ಲಿ ಕಿಚ್ಚಿತ್ತು, ಅದು ನ್ಯಾಯವಾದ ಕಿಚ್ಚು, ಅದನ್ನು ಅವಳು ಆರಲು ಬಿಡಲಿಲ್ಲ. ನನಗೆ ಅವಳು ಇಷ್ಟವಾದದ್ದೂ ಅದಕ್ಕೇ.

ತೆರಕಣಾಂಬಿಯ ಹೆಣ್ಣುಮಗಳು. ಚಿಕ್ಕ ವಯಸ್ಸಿನಲ್ಲೇ ಗಂಡ ಸತ್ತ, ಮಕ್ಕಳಿಲ್ಲ. ಅವಳ ತಾಯಿ ಎದೆಯ ಗಂಟಿನಿಂದ ಸತ್ತಿದ್ದಳು. ಗಂಟು ಒಡೆದು ಹುಣ್ಣಾಗಿ, ವಾಸನೆಗೆ ಮನೆಯವರು ಹತ್ತಿರ ಸುಳಿಯದಂತಾಗಿ, ಕೊನೆಗೆ ದನದ ಕೊಟ್ಟಿಗೆಯ ಪಕ್ಕದಲ್ಲಿ ಚಾಪೆ ಹಾಕಿದ್ದರು. ಊರಿಗೆ ಮಾತ್ರ ‘ವಿಷಮಶೀತ ಜ್ವರ’ ಎಂದು ಹೇಳಿದರು. ಹಾಗೆ ಹೇಳುವುದೇ ಈ ಕಡೆಯ ಪದ್ಧತಿ. ಎದೆ ಗಂಟಿನಿಂದ ಸತ್ತಳು ಎಂದರೆ ಆ ಮನೆಯ ಹೆಣ್ಣುಮಕ್ಕಳನ್ನು ಯಾರೂ ಕೇಳಿಕೊಂಡು ಬರುವುದಿಲ್ಲ. ಆದ್ದರಿಂದ ನಮ್ಮ ತಾಲ್ಲೂಕಿನಲ್ಲಿ ಹೆಂಗಸರು ಜ್ವರದಿಂದ ಸಾಯುತ್ತಾರೆ, ಕಾಮಾಲೆಯಿಂದ ಸಾಯುತ್ತಾರೆ, ಬಾವಿಗೆ ಜಾರಿ ಬಿದ್ದಾದರೂ ಸಾಯುತ್ತಾರೆ. ಎದೆ ಗಂಟಿನಿಂದ ಒಬ್ಬಳೂ ಸತ್ತಿಲ್ಲ.

ಪುಟ್ಟಸಿದ್ದಮ್ಮನ ಅಕ್ಕ ಮಂಚಮ್ಮನನ್ನು ಬೇಗೂರಿನ ರಂಗನಾಯಕನಿಗೆ ಕೊಟ್ಟಿದ್ದರು. ಹೊಲ, ಎರಡು ಜೊತೆ ಎತ್ತು, ಸಾಲದ್ದಕ್ಕೆ ಕುಲದ ಯಜಮಾನಿಕೆ. ಐವತ್ತನೇ ಇಸವಿಯಲ್ಲಿ ಮಂಚಮ್ಮನಿಗೂ ಎದೆಯಲ್ಲಿ ಗಂಟು ಕಾಣಿಸಿತು. ಆಗ ಅವಳಿಗೆ ಮೂವತ್ತೆರಡು, ಮಗಳು ಪುಟ್ಟಿಗೆ ಹನ್ನೆರಡು. ವಿಷಯ ತಿಳಿದ ದಿನವೇ ಪುಟ್ಟಸಿದ್ದಮ್ಮ ನಮ್ಮ ಡಾಕ್ಟರ ಕೈಯಲ್ಲಿ ಮೈಸೂರಿನ ದೊಡ್ಡಾಸ್ಪತ್ರೆಗೆ ಕಾಗದ ಬರೆಸಿಕೊಂಡು, ನಾಳೆ ಬರುತ್ತೇನೆಂದು ಅಕ್ಕನಿಗೆ ಹೇಳಿಕಳಿಸಿದಳು. ಮಾರನೆಯ ದಿನ ಬೆಳಗಿನ ಮೈಸೂರು ಬಸ್ಸು ಹತ್ತಿ ಬೇಗೂರಿನಲ್ಲಿ ಇಳಿದು, ಐದು ನಿಮಿಷ ನಿಲ್ಲಿಸಪ್ಪ ಎಂದು ಡ್ರೈವರನಿಗೆ ಕೈಮುಗಿದು, ಅಕ್ಕನ ಮನೆಗೆ ಓಡಿದಳು.

ರಂಗನಾಯಕ ಬಾಗಿಲಿಗೆ ಅಡ್ಡ ನಿಂತಿದ್ದ.

“ಬಾವ, ನಮ್ಮವ್ವನೂ ಇದ್ರಲ್ಲೇ ಸತ್ಲು. ಬಸ್ಸು ನಿಂತದ, ಅಕ್ಕನ ಕಳುಸು.”

“ನಮ್ಮನ ಎಂಗಸ್ರ ಎದೆಯ ಪರಗಂಡಸ್ರ ಮುಂದ ಬಿಚ್ಚಕಿಲ್ಲ ಕಣಮ್ಮಿ. ಅದು ಆಲುಗಂಟು. ಸೊಪ್ಪು ಅರದು ಕಟ್ಟುದ್ರ ಇಳೀತದ.”

“ಮಗ್ಳು ಆಲು ಬುಟ್ಟು ಅತ್ತು ವರ್ಸಾಯ್ತು! ಈಗ ಯಾವ ಆಲುಗಂಟು?”

“ಯಜಮಾನನ ಮನ ಬಾಗ್ಲಲ್ಲಿ ನಿಂತ್ಕಂಡು ಗಂಟ್ಲು ಎತ್ಬ್ಯಾಡ. ಓಗು.”

ಬಸ್ಸು ಎರಡು ಸಲ ಹಾರನ್ ಹೊಡೆದು ಹೊರಟುಹೋಯಿತು. ಒಳಗಿನ ಕತ್ತಲಲ್ಲಿ ಮಂಚಮ್ಮ ನಿಂತಿದ್ದಳು, ಒಂದು ಮಾತೂ ಆಡಲಿಲ್ಲ. ಅಕ್ಕ ಬಾಯಿಬಿಡಲಿಲ್ಲವಲ್ಲ, ಅವಳಿಗೇ ಬರುವ ಮನಸ್ಸಿರಲಿಲ್ಲವೋ ಏನೋ ಎಂದು ಪುಟ್ಟಸಿದ್ದಮ್ಮ ನನ್ನ ಹತ್ತಿರ ಎಷ್ಟೋ ಸಲ ಹೇಳಿಕೊಂಡು ಅತ್ತಿದ್ದಾಳೆ.

ಮಂಚಮ್ಮ ಹದಿನಾಲ್ಕು ತಿಂಗಳು ಬದುಕಿದಳು. ತಾಯಿಗೆ ಆದದ್ದೇ ಅವಳಿಗೂ ಆಯಿತು, ಹುಣ್ಣು, ವಾಸನೆ, ಮೂಲೆಯ ಚಾಪೆ, ಎಲ್ಲ. ಮಣ್ಣು ಮಾಡುವಾಗ ಬಂದವರು ಕೇಳಿದರೆ ರಂಗನಾಯಕ ಕಣ್ಣೊರೆಸಿಕೊಂಡು ‘ಕಾಮಾಲೆ’ ಎಂದ. ಪುಟ್ಟಸಿದ್ದಮ್ಮ ಮಣ್ಣಿನ ಕೈಯಲ್ಲೇ ಅವನ ಎದುರಿಗೆ ಹೋಗಿ ನಿಂತಳು.

“ನಮ್ಮಕ್ಕ ಏನಾಗಿ ಸತ್ಲು, ಯಾರ್ ದೆಸಿಂದ ಸತ್ಲು ಅಂತ ಕುಲಸ್ತರ ಮುಂದ ನಿನ್ ಬಾಯಿಂದ್ಲೇ ಯೋಳುಸ್ತಿನಿ ಬಾವ. ಯೋಳುಸ್ದೇ ಇದ್ರ ನಾನು ನಮ್ಮವ್ವುನ್ ಒಟ್ಟೇಲಿ ಉಟ್ಟೋಳಲ್ಲ.”

ದುಃಖಕ್ಕೆ ಏನೋ ಆಡುತ್ತಾಳೆ ಎಂದು ಜನ ಅವಳನ್ನು ಎಳೆದುಕೊಂಡು ಹೋದರು. ರಂಗನಾಯಕ ಆರು ತಿಂಗಳಿಗೆ ಇನ್ನೊಂದು ಮದುವೆ ಮಾಡಿಕೊಂಡ. ಪುಟ್ಟಿ ಗುಂಡ್ಲುಪೇಟೆಗೆ ಚಿಕ್ಕಮ್ಮ ಪುಟ್ಟಸಿದ್ದಮ್ಮನ ಮನೆಗೆ ಹೋಗಕೂಡದು ಎಂದು ಕಟ್ಟಪ್ಪಣೆ ಮಾಡಿದ.

ಐವತ್ತನಾಲ್ಕರಲ್ಲಿ ನಮ್ಮ ಆಸ್ಪತ್ರೆಗೆ ಲೇಡಿ ಡಾಕ್ಟರು ಬಂದರು. ಸಣಕಲು ಮೈ, ದೊಡ್ಡ ಕನ್ನಡಕ, ಹೆಂಗಸರಿಗೆ ಕೇಳಬಾರದ ಪ್ರಶ್ನೆಗಳನ್ನೆಲ್ಲ ಕೇಳುವ ಚಾಳಿ. ಕೆಮ್ಮು ಅಂತ ಬಂದವಳನ್ನೂ ಪರದೆಯ ಹಿಂದೆ ಕೂರಿಸಿ, ಪ್ರತಿ ತಿಂಗಳೂ ಮುಟ್ಟು ಮುಗಿದ ನಾಲ್ಕನೇ ದಿನಕ್ಕೆ ಬೆರಳು ಚಪ್ಪಟೆ ಮಾಡಿ ಎದೆಯನ್ನೂ ಕಂಕುಳನ್ನೂ ಹೇಗೆ ತಡವಿ ನೋಡಿಕೊಳ್ಳಬೇಕು ಎಂದು ತೋರಿಸಿಕೊಡುತ್ತಿದ್ದರು. ಆಮೇಲೆ ನಿನ್ನ ತಾಯಿಗೆ ಗಂಟಿತ್ತೇ, ಅಕ್ಕತಂಗಿಯರಿಗೆ, ಅಜ್ಜಿಗೆ, ಚಿಕ್ಕಮ್ಮನಿಗೆ ಎಂದು ಕೇಳುತ್ತಿದ್ದರು. ಎಲ್ಲರದ್ದೂ ಒಂದೇ ಉತ್ತರ. ಇಲ್ಲ. ಜ್ವರ. ಕಾಮಾಲೆ.

ಆರು ತಿಂಗಳು ಇದನ್ನು ಕೇಳಿ ಕೇಳಿ ಡಾಕ್ಟರಿಗೆ ರೇಗಿತು. “ಏನ್ರೀ ಕಾಂಪೌಂಡರ್, ನಿಮ್ಮ ತಾಲ್ಲೂಕಿನ ಹೆಂಗಸರೆಲ್ಲ ಕಾಮಾಲೆಯಿಂದಲೇ ಸಾಯ್ತಾರಾ?”

ನೆಲ ಒರೆಸುತ್ತಿದ್ದ ಪುಟ್ಟಸಿದ್ದಮ್ಮ ಬಟ್ಟೆಯನ್ನು ಬಕೆಟ್ಟಿಗೆ ಎಸೆದು ಎದ್ದಳು. “ಸುಳ್ಳು ಕಣವ್ವ. ಎಲ್ಲಾ ಸುಳ್ಳು. ನಿಜ ಯೋಳುದ್ರ ಎಣ್ಮಕ್ಳಿಗ ಮದ್ವ ಆಗಕಿಲ್ಲ.” ತನ್ನ ತಾಯಿ, ಅಕ್ಕ ಇಬ್ಬರ ಕಥೆಯನ್ನೂ ಹೇಳಿದಳು. ಕೇಳಿದ ಡಾಕ್ಟರು ಮೊದಲು ಅವಳನ್ನೇ ಪರದೆಯ ಹಿಂದಕ್ಕೆ ಕರೆದುಕೊಂಡು ಹೋಗಿ ಪರೀಕ್ಷೆ ಮಾಡಿದರು. ಏನೂ ಇರಲಿಲ್ಲ. ಆದರೂ ಅವಳ ಓ.ಪಿ. ಚೀಟಿಯ ಮೂಲೆಯಲ್ಲಿ ಕೆಂಪು ಪೆನ್ಸಿಲಿನಿಂದ ಎರಡು ಗೀಟು ಎಳೆದರು.

ಅಂದಿನಿಂದ ಆ ಗೀಟುಗಳು ಶುರುವಾದವು. ಮನೆಯಲ್ಲಿ ಯಾರಿಗೂ ಬಂದಿಲ್ಲದ ಹೆಂಗಸಿಗೆ ಗೀಟಿಲ್ಲ. ಅಂಥವಳು ತಿಂಗಳಿಗೊಮ್ಮೆ ತಾನೇ ತಡವಿ ನೋಡಿಕೊಂಡು, ನಲವತ್ತು ದಾಟಿದ ಮೇಲೆ ವರ್ಷಕ್ಕೊಂದು ಸಲ ಬಂದು ತೋರಿಸಿದರೆ ಸಾಕು. ತಾಯಿಗೋ ಅಕ್ಕನಿಗೋ ಬಂದಿದ್ದರೆ ಒಂದು ಗೀಟು, ಅವಳು ನಲವತ್ತರ ತನಕ ಕಾಯದೆ ಮೂವತ್ತರಿಂದಲೇ ವರ್ಷವರ್ಷ ತೋರಿಸಬೇಕು. ಇಬ್ಬರಿಗೆ ಬಂದಿದ್ದರೆ, ಅದರಲ್ಲೂ ಚಿಕ್ಕ ವಯಸ್ಸಿನಲ್ಲಿ ಬಂದಿದ್ದರೆ ಎರಡು ಗೀಟು. ಅವಳು ಆರು ತಿಂಗಳಿಗೊಮ್ಮೆ ಬರಲೇಬೇಕು.

“ಪುಟ್ಟಿಗ ಎಷ್ಟು ಗೀಟು ಕಣವ್ವ?” ಎಂದು ಪುಟ್ಟಸಿದ್ದಮ್ಮ ಕೇಳಿದಳು.

“ಅಜ್ಜಿ, ತಾಯಿ. ತಾಯಿಗೆ ಮೂವತ್ತೆರಡಕ್ಕೇ. ಎರಡು. ಅಮ್ಮನಿಗೆ ಬಂದ ವಯಸ್ಸು ಬರಲಿ ಅಂತ ಕಾಯಬಾರದು, ಈಗಲೇ ಕರೆದುಕೊಂಡು ಬಾ.”

ಕರೆದುಕೊಂಡು ಬರುವುದು ಹೇಗೆ? ಪುಟ್ಟಸಿದ್ದಮ್ಮ ಬೇಗೂರಿಗೆ ಹೋದಾಗಲೆಲ್ಲ ಮನೆಯ ಬಾಗಿಲು ಮುಚ್ಚಿರುತ್ತಿತ್ತು. ಒಂದು ಸಲ ಬಾವಿಯ ಹತ್ತಿರ ಪುಟ್ಟಿ ಸಿಕ್ಕಳು. ಎದೆ ನೋಡಿಕೊಳ್ಳುವುದನ್ನು ಅಲ್ಲೇ ಅವಸರದಲ್ಲಿ ಹೇಳಿಕೊಟ್ಟು ಬಂದಳು. ಅದು ಗೊತ್ತಾಗಿ ರಂಗನಾಯಕ ಮಗಳಿಗೆ ಬಾರಿಸಿದನಂತೆ. ಹುಡುಗಿಯ ಜೀವ ಅವಳ ಅಪ್ಪನ ಜಂಬದ ಅಡಿಯಲ್ಲಿ ಸಿಕ್ಕಿಕೊಂಡಿತ್ತು.

ಐವತ್ತಾರರಲ್ಲಿ ಪುಟ್ಟಿಗೆ ಚಾಮರಾಜನಗರದಿಂದ ಸಂಬಂಧ ಬಂತು. ಹುಡುಗ ಮಾದಪ್ಪ, ಪ್ರೈಮರಿ ಸ್ಕೂಲಿನ ಮೇಷ್ಟ್ರು. ತಂದೆಯಿಲ್ಲ, ತಾಯಿ ಚಾಮುಂಡಮ್ಮನದೇ ದರಬಾರು. ಹೆಣ್ಣಿನ ತಾಯಿ ಕಾಮಾಲೆಯಿಂದ ಸತ್ತಳು ಎಂದೇ ರಂಗನಾಯಕ ಹೇಳಿಕಳಿಸಿದ್ದ. ಸುದ್ದಿ ಕೇಳಿದ ಮಾರನೆಯ ದಿನ ಪುಟ್ಟಸಿದ್ದಮ್ಮ ರಜ ಹಾಕಿ ಚಾಮರಾಜನಗರದ ಬಸ್ಸು ಹತ್ತಿದಳು. ನಾನು ಬೇಡ ಎಂದೆ. “ನೀನು ಹೋಗಿ ಹೇಳಿದರೆ ಮದುವೆ ಮುರಿಯುತ್ತೆ. ಕೋಣ ಕೋಣ ಕಾದಾಡಿ ಗಿಡಕ್ಕೆ ಮಿತ್ತು ಅಂತ, ನಿಮ್ಮಿಬ್ಬರ ಜಗಳದಲ್ಲಿ ಹಾಳಾಗೋದು ಪುಟ್ಟಿಯ ಬಾಳು.”

“ಗುರುಸಿದ್ದಯ್ಯ, ನಿಮ್ಮ ಸೀಸೆಗೋಳ ನೀವ್ ನೋಡ್ಕಳಿ,” ಎಂದಳು.

ಚಾಮುಂಡಮ್ಮನ ಮನೆಯಲ್ಲಿ ಅವಳು ಕೊಟ್ಟ ಮಜ್ಜಿಗೆಯನ್ನೂ ಮುಟ್ಟದೆ ಪುಟ್ಟಸಿದ್ದಮ್ಮ ಎಲ್ಲವನ್ನೂ ಹೇಳಿದಳಂತೆ. ಗಂಟು, ಬಸ್ಸು, ಬಾಗಿಲು, ಹದಿನಾಲ್ಕು ತಿಂಗಳು, ಎರಡು ಗೀಟು. ಚಾಮುಂಡಮ್ಮ ಒಳಗಿನಿಂದ ಎರಡು ಮಕ್ಕಳನ್ನು ಕರೆದು ತೋರಿಸಿದಳು. ಅವು ಅವಳ ಹಿರಿಯ ಮಗನ ಮಕ್ಕಳು.

“ಇವ್ರವ್ವ ಓದ್ವರ್ಸ ಸತ್ಲು. ಎದೆ ಗಂಟೇಯ. ಅವ್ಳ ತವ್ರುನೋರ್ನ ಮದ್ವಗೂ ಮುಂಚ ಕೇಳಿದ್ದಿ, ನಮ್ ವಂಸದಲ್ಲಿ ಯಾರ್ಗೂ ಏನೂ ಇಲ್ಲ ಅಂದ್ರು. ಸತ್ ಮ್ಯಾಲ ಗೊತ್ತಾಯ್ತು, ಅವ್ಳವ್ವ, ದೊಡ್ಡವ್ವ ಇಬ್ರೂ ಇದ್ರಲ್ಲೇ ಓಗಿದ್ರಂತ. ಮುಂಚೆ ಯೋಳಿದ್ರ ನಾ ಕಾಯ್ಕತಿದ್ದಿ. ಬಚ್ಚಿಟ್ಟು ಕೊಂದ್ರು.” ಆಮೇಲೆ ಪುಟ್ಟಸಿದ್ದಮ್ಮನ ಮುಂದಕ್ಕೆ ಲೋಟ ತಳ್ಳಿದಳು. “ಮಜ್ಜಿಗ ಕುಡಿ. ಏನದ ಅಂತ ನನ್ಗ ಗೊತ್ತಿರೋ ಎಣ್ಮಗ್ಳೇ ಬೇಕು. ಆರ್ ತಿಂಗ್ಳಿಗಲ್ಲ, ಡಾಕ್ಟ್ರು ಯೋಳುದ್ರ ಮೂರ್ ತಿಂಗ್ಳಿಗೂ ಕಳುಸ್ತಿನಿ. ಆದ್ರ ಸುಳ್ಳು ಯೋಳ್ದ ಆ ಯಜಮಾನುನ್ನ ಸುಮ್ನ ಬುಡ್ಬಾರ್ದು.”

ಎರಡು ಕಿಚ್ಚು ಒಂದಾದವು. ಅವತ್ತೇ ಇಬ್ಬರೂ ಕೂತು ಮಾತಾಡಿಕೊಂಡರು. ಪುಟ್ಟಸಿದ್ದಮ್ಮ ಗುಂಡ್ಲುಪೇಟೆಗೆ ವಾಪಸು ಬಂದಾಗ ಅವಳ ಮುಖದಲ್ಲಿ ಆರು ವರ್ಷದಿಂದ ನಾನು ಕಾಣದ ಕಳೆ ಇತ್ತು. ಏನಾಯಿತು ಎಂದರೆ, “ಎಣ್ಣು ಗೆದ್ಲು. ಇನ್ನು ಬಾವನ್ ಸರದಿ” ಎಂದಳು.

ವೀಳ್ಯಶಾಸ್ತ್ರಕ್ಕೆ ಎರಡು ದಿನ ಇರುವಾಗ ಅವಳು ಬೇಗೂರಿಗೆ ಹೋದಳು. ಈ ಸಲ ಬಾಗಿಲು ತಟ್ಟಲಿಲ್ಲ. ಹೊಲದಲ್ಲಿ ಒಬ್ಬನೇ ಇದ್ದ ರಂಗನಾಯಕನ ಹತ್ತಿರ ನೇರವಾಗಿ ಹೋದಳು. ಅವರ ಕುಲದಲ್ಲಿ ತಟ್ಟೆ ಬದಲಾಯಿಸುವ ಮುಂಚೆ ಹಿರಿಯನೊಬ್ಬ ಎದ್ದು, ಮುಚ್ಚಿಟ್ಟ ಮಾತೇನಾದರೂ ಇದೆಯೇ ಎಂದು ಮೂರು ಸಲ ಕೇಳುವ ಪದ್ಧತಿ ಇದೆ. ಐವತ್ತು ಮನೆಗಳಲ್ಲಿ ಈ ಪ್ರಶ್ನೆ ಕೇಳಿದವನು ರಂಗನಾಯಕನೇ. ಈಗ ಅವನ ಮನೆಯಲ್ಲಿ ಗಂಡಿನ ಕಡೆಯವರು ಕೇಳಬೇಕು.

“ಮೂರ್ನೆ ಸಲ ಕೇಳುವಾಗ ನೀ ಎದ್ದು ನಿಜ ಯೋಳು. ನೀ ಯೋಳ್ನಿಲ್ಲ ಅಂದ್ರ ನಾ ಯೋಳ್ತಿನಿ.”

ರಂಗನಾಯಕ ಕೈಯಲ್ಲಿದ್ದ ಗುದ್ದಲಿ ಕೆಳಗಿಟ್ಟ. “ಮದ್ವ ಮುರುದ್ರ ಬೀದಿಗ ಬೀಳೋಳು ನಿನ್ ಅಕ್ಕನ್ ಮಗ್ಳೇ ಕಣಮ್ಮಿ.”

“ಗೊತ್ತು.”

“ನಿನ್ಗ ಕರ್ಳು ಚುರ್ ಅನ್ನಕಿಲ್ವಾ?”

“ಅವತ್ತು ನಿನ್ಗ ಚುರ್ ಅಂದಿತ್ತಾ?”

ಬಿಸಿ ತುಪ್ಪವನ್ನು ನುಂಗಲೂ ಆಗದು, ಉಗುಳಲೂ ಆಗದು. ಎರಡು ದಿನ ಅವನು ಊಟ ಮಾಡಲಿಲ್ಲವೆಂದು ಆಮೇಲೆ ತಿಳಿಯಿತು. ಗಂಡಿನ ಮನೆಯವರಿಗೆ ವಿಷಯ ತಿಂಗಳ ಹಿಂದೆಯೇ ಗೊತ್ತು, ಮದುವೆ ಮುರಿಯುವುದಿಲ್ಲ ಎಂಬ ಒಂದು ಮಾತು ಅವನಿಗೆ ಸಿಕ್ಕಿದ್ದರೆ ನೆಮ್ಮದಿಯಾಗಿ ಉಂಡು ಮಲಗುತ್ತಿದ್ದ. ಆ ಮಾತು ಅವನ ಕಿವಿಗೆ ಬೀಳದಂತೆ ಇಬ್ಬರು ಹೆಂಗಸರೂ ನೋಡಿಕೊಂಡರು. ತುಂಬ ಚೆನ್ನಾಗಿ ನೋಡಿಕೊಂಡರು ಎಂದೇ ನಾನು ಹೇಳುತ್ತೇನೆ.

ವೀಳ್ಯಕ್ಕೆ ನಾನೂ ಹೋಗಿದ್ದೆ. ಚಪ್ಪರದ ತುಂಬ ಜನ, ಅಂಗಳದ ಒಂದು ಕಡೆ ಹೆಂಗಸರು. ಗಂಡಿನ ಕಡೆಯ ಮುದುಕರೊಬ್ಬರು ಎದ್ದು ಕೇಳಿದರು, “ಮುಚ್ಚಿಟ್ಟ ಮಾತೇನಾರ ಅದಾ?” ಒಂದು ಸಲ. ಎರಡು ಸಲ. ರಂಗನಾಯಕ ಪುಟ್ಟಸಿದ್ದಮ್ಮನ ಕಡೆ ನೋಡಿದ. ಅವಳು ಸೆರಗು ಸಿಕ್ಕಿಸಿಕೊಂಡು ಎದ್ದು ನಿಂತಿದ್ದಳು. ಮೂರನೆಯ ಸಲ ಕೇಳಿದಾಗ ಅವನೇ ಎದ್ದ. ಪೇಟ ತೆಗೆದು ಕೈಯಲ್ಲಿ ಹಿಡಿದ.

“ಈ ಮಗೀನವ್ವ ಕಾಮಾಲೇಲಿ ಸಾಯ್ನಿಲ್ಲ. ಎದೆ ಗಂಟಲ್ಲಿ ಸತ್ಲು. ಅವ್ಳವ್ವನೂ ಅದ್ರಲ್ಲೇ ಸತ್ತಿದ್ಲು. ಮೈಸೂರ್ಗ ಕರ್ಕೋಯ್ತಿನಿ ಅಂತ ಅವ್ಳ ತಂಗಿ ಇವ್ಳು ಬಸ್ಸು ನಿಲ್ಸಿ ಬಂದಿದ್ಲು. ನಾ ಬಾಗ್ಲಲ್ಲಿ ತಡುದಿ.”

“ಕೇಳಿಸ್ನಿಲ್ಲ,” ಎಂದಳು ಪುಟ್ಟಸಿದ್ದಮ್ಮ. “ಇಂದಿರೋರ್ಗ ಕೇಳಂಗ ಯೋಳು ಬಾವ.”

ಅವನು ಅಷ್ಟನ್ನೂ ಇನ್ನೊಂದು ಸಲ ಗಟ್ಟಿಯಾಗಿ ಹೇಳಿದ. ಅಲ್ಲಿಗೇ ನಿಲ್ಲಿಸಬಹುದಿತ್ತು. ಯಾಕೋ ನಿಲ್ಲಿಸಲಿಲ್ಲ. “ಅವ್ಳು ಬಟ್ಟೆ ಗಂಟು ಕಟ್ಕಂಡು ಒಳಗ ನಿಂತಿದ್ಲು. ತಂಗಿ ಬತ್ತಾಳ ಅಂತ ಬೆಳಗಿಂದ್ಲೇ ಕಾಯ್ತಿದ್ಲು. ಬಾಯ್ ಬುಟ್ರ ಮಗ್ಳ ಮಕ ತೋರ್ಸಕಿಲ್ಲ ಅಂತ ನಾನೇ ಎದ್ರುಸಿದ್ದಿ. ಆ ಗಂಟ ಸಾಯೋಗಂಟ ಬಿಚ್ನಿಲ್ಲ ಅವ್ಳು.”

ಇದು ಪುಟ್ಟಸಿದ್ದಮ್ಮನಿಗೂ ಗೊತ್ತಿರಲಿಲ್ಲ. ಅಕ್ಕನಿಗೇ ಮನಸ್ಸಿರಲಿಲ್ಲವೇನೋ ಎಂದುಕೊಂಡಿದ್ದ ಇಷ್ಟು ವರ್ಷದ ಅಳುವೆಲ್ಲ ಆಗ ಬಂತು. ಹೆಂಗಸರ ಗುಂಪಿನಲ್ಲಿ ಯಾರೋ ಅತ್ತರು, ಇನ್ನು ಯಾರೋ ರಂಗನಾಯಕನಿಗೆ ಹಿಡಿಶಾಪ ಹಾಕಿದರು. ಅವನು ಸಂಬಂಧ ಮುರಿಯಿತೆಂದು ತಲೆ ತಗ್ಗಿಸಿ ನಿಂತಿದ್ದ.

ಆಗ ಚಾಮುಂಡಮ್ಮ ಕೂತಲ್ಲಿಂದಲೇ ಹೇಳಿದಳು. “ನಮ್ಗ ತಿಂಗ್ಳಿಂದ್ಲೇ ಗೊತ್ತು. ಎಣ್ಣು ನಮ್ದೇಯ. ಆದ್ರ ಒಂದ್ ಮಾತು. ವರ್ಸುಕ್ಕ ಎರ್ಡು ಸಲ ಇವ್ಳ ಗುಂಡ್ಲುಪೇಟ ಡಾಕ್ಟ್ರವ್ವುನ್ಗ ತೋರುಸ್ಬೇಕು. ಕರ್ಕೊಂಡೋಗೋನು ಮಾದಪ್ಪ ಅಲ್ಲ, ಇವ್ಳಪ್ಪ. ಬೇರ ಯಾರ್ನೂ ಕಳುಸಂಗಿಲ್ಲ. ಯಾಕ್ ಬಂದಿ ಅಂತ ಯಾರ್ ಕೇಳುದ್ರೂ ಇವತ್ತು ಯೋಳ್ದಂಗೇ ಯೋಳ್ಬೇಕು. ಒಪ್ಗಂಡ್ರ ತಟ್ಟ ತಕಳಿ.”

ರಂಗನಾಯಕ ಚಾಮುಂಡಮ್ಮನನ್ನು ನೋಡಿದ, ಪುಟ್ಟಸಿದ್ದಮ್ಮನನ್ನು ನೋಡಿದ. ಎರಡು ದಿನದ ಉಪವಾಸ ಯಾತಕ್ಕಾಯಿತು ಎಂಬುದು ಅವನಿಗೆ ಅರ್ಥವಾಯಿತು. ಕುಲಸ್ಥರ ಮುಂದೆ ವೀಳ್ಯ ಹಿಡಿದು ಒಪ್ಪಿದ ಮಾತು, ಮೀರುವ ಹಾಗಿಲ್ಲ. ತಟ್ಟೆ ತೆಗೆದುಕೊಂಡ.

ಅಂದಿನಿಂದ ವರ್ಷಕ್ಕೆರಡು ಸಲ ಕುಲದ ಯಜಮಾನ ಬೇಗೂರಿನಿಂದ ಬಸ್ಸು ಹತ್ತಿ, ಗುಂಡ್ಲುಪೇಟೆಯಲ್ಲಿ ಬದಲಾಯಿಸಿ, ಚಾಮರಾಜನಗರಕ್ಕೆ ಹೋಗಿ, ಮಗಳನ್ನು ಕರೆದುಕೊಂಡು ನಮ್ಮ ಆಸ್ಪತ್ರೆಗೆ ಬರುತ್ತಿದ್ದ. ಹೆಂಗಸರ ವಾರ್ಡಿನ ಎದುರಿನ ಬೆಂಚಿನ ಮೇಲೆ ಅವಳ ಚೀಲ ಹಿಡಿದು ಕೂರುತ್ತಿದ್ದ. ಸಂತೆಯ ದಿನವೇ ಬರುವಂತೆ ಪುಟ್ಟಸಿದ್ದಮ್ಮ ದಿನ ಗೊತ್ತು ಮಾಡುತ್ತಿದ್ದಳು. ಹೋಗುವವರು ಬರುವವರು, “ಯಜಮಾನ್ರು ಯಾಕ್ ಬಂದ್ರಿ?” ಎಂದರೆ ಅವನು ಹೇಳಲೇಬೇಕು. ಮೊದಮೊದಲು ಪಿಸುಗುಟ್ಟುತ್ತಿದ್ದ. ಪುಟ್ಟಸಿದ್ದಮ್ಮ ಒಳಗಿಂದ, “ಕೇಳಿಸ್ನಿಲ್ಲ ಬಾವ” ಎನ್ನುತ್ತಿದ್ದಳು.

ಒಂದು ವಿಚಿತ್ರ ನಡೆಯಿತು. ಆ ಬೆಂಚಿನ ಮಾತು ಕೇಳಿ ಹೋದ ಹೆಂಗಸರು ಡಾಕ್ಟರು ಕೇಳಿದಾಗ ನಿಜ ಹೇಳತೊಡಗಿದರು. ಯಜಮಾನನೇ ಹೇಳಿದ ಮೇಲೆ ನಮ್ಮದೇನು ಎಂದು ಇರಬೇಕು. ನನ್ನ ಕಿಟಕಿಗೆ ಬರುವ ಚೀಟಿಗಳಲ್ಲಿ ಕೆಂಪು ಗೀಟು ಹೆಚ್ಚಾದವು. ಪುಣಜನೂರಿನಿಂದ ಬಂದ ಒಬ್ಬಳಿಗೆ ಹುಣಸೆಬೀಜದಷ್ಟಿದ್ದಾಗಲೇ ಗಂಟು ಸಿಕ್ಕಿ, ಮೈಸೂರಿನಲ್ಲಿ ತೆಗೆಸಿಕೊಂಡು ಬಂದಳು. ಪುಟ್ಟಸಿದ್ದಮ್ಮ ಇದನ್ನೆಲ್ಲ ಬಯಸಿ ಮಾಡಿದ್ದಲ್ಲ. ಅವಳಿಗೆ ಬೇಕಾಗಿದ್ದದ್ದು ಅವನು ಆ ಬೆಂಚಿನ ಮೇಲೆ ಕೂರುವುದು.

ಐವತ್ತೆಂಟರ ಬೇಸಿಗೆಯಲ್ಲಿ, ನಾಲ್ಕನೆಯ ಸಲ ಬಂದಾಗ, ಡಾಕ್ಟರ ಬೆರಳಿಗೆ ಪುಟ್ಟಿಯ ಎದೆಯಲ್ಲಿ ಗಂಟು ಸಿಕ್ಕಿತು. ತಿಂಗಳ ಹಿಂದೆ ನೋಡಿಕೊಂಡಾಗ ಇರಲಿಲ್ಲವೆಂದು ಪುಟ್ಟಿ ಹೇಳಿದಳು. ಮೈಸೂರಿಗೆ ಕಳಿಸಿದರು. ಅಲ್ಲಿ ಗಂಟು ತೆಗೆದು, ಅದನ್ನು ಪರೀಕ್ಷೆಗೆ ಕಳಿಸಿ, ಫಲಿತಾಂಶಕ್ಕೆ ಎಂಟು ದಿನ ಎಂದರು. ಪುಟ್ಟಸಿದ್ದಮ್ಮ ರಜ ಹಾಕಿ ಹುಡುಗಿಯ ಹಾಸಿಗೆಯ ಪಕ್ಕದಲ್ಲಿದ್ದಳು. ಗಂಡಸರಿಗೆ ಒಳಗೆ ಪ್ರವೇಶವಿಲ್ಲ. ಮಾದಪ್ಪ ಎರಡು ದಿನ ಇದ್ದು ಸ್ಕೂಲಿಗೆ ಹೋದ. ರಂಗನಾಯಕ ಎಂಟು ದಿನವೂ ವರಾಂಡದಲ್ಲೇ ಇದ್ದ.

ಎಂಟನೆಯ ದಿನ ಔಷಧಿ ತರಲು ಮೈಸೂರಿಗೆ ಹೋದವನು ಆಸ್ಪತ್ರೆಗೂ ಹೋದೆ. ಹನ್ನೊಂದು ಗಂಟೆಯಾಗಿತ್ತು. ಪುಟ್ಟಸಿದ್ದಮ್ಮ ಬಾಗಿಲಲ್ಲೇ ಸಿಕ್ಕಿ ಕಣ್ಣೀರು ಒರೆಸಿಕೊಳ್ಳುತ್ತ ಹೇಳಿದಳು. ಕೆಟ್ಟ ಗಂಟಲ್ಲವಂತೆ. ಹರೆಯದ ಹೆಣ್ಣುಮಕ್ಕಳಿಗೆ ಬರುವ ಸಾದಾ ಗಂಟಂತೆ. ಆದರೂ ಆರು ತಿಂಗಳ ಪರೀಕ್ಷೆ ಬಿಡಬಾರದಂತೆ. ಪುಟ್ಟಿ ಒಳಗೆ ನಗುತ್ತಿದ್ದಳು.

“ರಂಗನಾಯಕನಿಗೆ ಹೇಳಿದೆಯಾ?” ಎಂದೆ.

“ಇಲ್ಲ. ನೀವೂ ಯೋಳ್ಬ್ಯಾಡಿ.”

ವರಾಂಡಕ್ಕೆ ಬಂದರೆ ಅವನು ಕಂಬಕ್ಕೊರಗಿ ಕೂತಿದ್ದ. ಗಡ್ಡ ಬೆಳೆದಿತ್ತು, ಪಂಚೆ ಮಾಸಿತ್ತು. ನನ್ನನ್ನು ಕಂಡು ತಡಬಡಿಸಿ ಎದ್ದ. “ಏನಾರ ಗೊತ್ತಾಯ್ತಾ ಸಾಮಿ?”

“ಇನ್ನೂ ಬಂದಿಲ್ಲ,” ಎಂದೆ. ಯಾಕೆ ಹಾಗೆಂದೆ ಎಂದು ಕೇಳಬೇಡಿ. ಮಂಚಮ್ಮನ ಬಟ್ಟೆ ಗಂಟಿನ ಮಾತನ್ನು ನಾನೂ ಕೇಳಿದ್ದೆ.

ಅವನು ಮತ್ತೆ ಕೂತ. ಒಳಗಿನಿಂದ ನರ್ಸು ಬಂದಾಗಲೆಲ್ಲ ಎದ್ದ, ಕೂತ. ಒಂದು ಹೆಣ ಹೊರಗೆ ತಂದರು, ಮುಸುಕು ಹಾಕಿದ್ದರು. ಅವನು ಕಂಬ ಹಿಡಿದುಕೊಂಡು, “ಮಗಾ, ಮಗಾ” ಎಂದ. ಅದು ಯಾವುದೋ ಮುದುಕಿಯದು. ಪುಟ್ಟಸಿದ್ದಮ್ಮ ಕಿಟಕಿಯ ಒಳಗೆ ನಿಂತು ಎಲ್ಲವನ್ನೂ ನೋಡಿದಳು. ನಾನು ಎರಡು ಸಲ ಅವಳ ಮುಖ ನೋಡಿದೆ, ಎರಡು ಸಲವೂ ಬೇಡವೆಂದು ತಲೆ ಅಲ್ಲಾಡಿಸಿದಳು.

ನಾಲ್ಕು ಗಂಟೆಗೆ ಅವಳು ಹೊರಗೆ ಬಂದಳು. “ಪುಟ್ಟಿಗ ಏನೂ ಇಲ್ಲ ಬಾವ. ಕೆಟ್ಟ ಗಂಟಲ್ವಂತ.”

ರಂಗನಾಯಕ ನೆಲದ ಮೇಲೆ ಕೂತು, ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡು ಗೊಳೋ ಎಂದು ಅತ್ತ. ಅತ್ತು ಮುಗಿದ ಮೇಲೆ ಕೇಳಿದ, “ಯಾವಾಗ್ ಗೊತ್ತಾಯ್ತವ್ವ?”

“ಅನ್ನೊಂದು ಗಂಟೆಗ.”

ಅವನು ನನ್ನ ಕಡೆ ತಿರುಗಿದ. ನಾನು ಬೇರೆ ಕಡೆ ನೋಡಿದೆ. ನನಗೆ ನಾಚಿಕೆಯಾಯಿತು. ಅವಳಿಗೆ ಆಗಲಿಲ್ಲ.

“ಐದು ಗಂಟೆ ಒತ್ತು ಸುಮ್ನಿದ್ದಾ?”

“ನಮ್ಮಕ್ಕ ಅದಿನಾಕು ತಿಂಗ್ಳು ಇಂಗೇ ಕೂತಿದ್ಲು ಬಾವ. ಅವ್ಳಿಗ ಯಾರೂ ಬಂದು ಏನೂ ಇಲ್ಲ ಅಂತ ಯೋಳ್ನಿಲ್ಲ.”

ಅವನು ಕೈಮುಗಿದ. “ಇನ್ನಾರ ನನ್ನ ಬುಟ್ಬುಡವ್ವ. ಮುಂದಿನ್ ಸಲದಿಂದ ಮಾದಪ್ಪನೇ ಕರ್ಕಬರ್ಲಿ.”

“ಕಾರ್ತಿಕದಲ್ಲಿ ಆರ್ ತಿಂಗ್ಳು ತುಂಬ್ತದ,” ಎಂದಳು ಪುಟ್ಟಸಿದ್ದಮ್ಮ. “ಸಂತೆ ದಿನ ನೋಡ್ಕಂಡು ಯೋಳ್ಕಳುಸ್ತಿನಿ. ನೀನೇ ಕರ್ಕಬಾ.”